ಬಿಸಿಗಾಳಿ ಮತ್ತು ಭೂತಾಪ: ಕಾರಣ ನಿರ್ಣಯ ವಿಜ್ಞಾನದ ಇತಿಹಾಸ

ಬಿಸಿಗಾಳಿ, ಅತಿವೃಷ್ಟಿ, ಬರ ಮುಂತಾದ ವಿಪರೀತ ಹವಾಮಾನ ಘಟನೆಗಳಲ್ಲಿ ಮನುಷ್ಯನಿಂದಾದ ಭೂತಾಪದ ಪಾಲು ಎಷ್ಟು ಎಂದು ಅಳೆಯುವ ಶಾಖೆಗೆ ಕಾರಣ ನಿರ್ಣಯ ವಿಜ್ಞಾನ ಎಂದು ಹೆಸರು. ಇದು ಈ ಶತಮಾನದ ಆರಂಭದಲ್ಲಿ ಹುಟ್ಟಿದ್ದರೂ ಇದಕ್ಕೆ ಬೇಕಾದ ತಳಹದಿ ಬಹಳ ಹಿಂದೆಯೇ ಸಿದ್ಧವಾಗಿತ್ತು. ಗಾಳಿಯಲ್ಲಿನ ಇಂಗಾಲದ ಡೈಆಕ್ಸೈಡ್ ಹೆಚ್ಚಿದರೆ ಭೂಮಿ ಬಿಸಿಯಾಗುತ್ತದೆ ಎಂದು ಸ್ವೀಡನ್ನಿನ ಸ್ವಾಂಟೆ ಅರ್ಹೇನಿಯಸ್ 1896ರಲ್ಲೇ ಲೆಕ್ಕ ಹಾಕಿ ತೋರಿಸಿದ್ದರು. 1958ರಲ್ಲಿ ಚಾರ್ಲ್ಸ್ ಕೀಲಿಂಗ್ ಹವಾಯಿಯ ಮೌನಾ ಲೋವಾ ಪರ್ವತದ ಮೇಲೆ ಆ ಅನಿಲದ ನಿರಂತರ ಮಾಪನ ಆರಂಭಿಸಿದಾಗ ಅದರ ಪ್ರಮಾಣ ಹತ್ತು ಲಕ್ಷಕ್ಕೆ ಸುಮಾರು 315 ಭಾಗ ಇತ್ತು. ಈಗ 420ನ್ನು ದಾಟಿದೆ. ಸಹಜ ಏರಿಳಿತಗಳ ಗದ್ದಲದಿಂದ ಮಾನವನ ಗುರುತನ್ನು ಬೇರ್ಪಡಿಸುವ ಗಣಿತವನ್ನು ಜರ್ಮನಿಯ ಕ್ಲಾಸ್ ಹ್ಯಾಸೆಲ್‌ಮನ್ 1979ರಲ್ಲಿ ಮುಂದಿಟ್ಟರು. ಅವರಿಗೆ 2021ರ ಭೌತವಿಜ್ಞಾನದ ನೊಬೆಲ್ ಪ್ರಶಸ್ತಿಯಲ್ಲಿ ಪಾಲು ಸಿಕ್ಕಿತು.

ಇಷ್ಟಾದರೂ, ಯಾವುದೋ ಒಂದು ನೆರೆಯನ್ನೋ ಬಿಸಿಗಾಳಿಯನ್ನೋ ತೋರಿಸಿ ಇದಕ್ಕೆ ಭೂತಾಪ ಕಾರಣವೇ ಎಂದು ಕೇಳಿದರೆ, ಬಿಡಿ ಘಟನೆಯ ಬಗ್ಗೆ ಹಾಗೆ ಹೇಳಲಾಗದು ಎಂಬುದೇ ವಿಜ್ಞಾನಿಗಳ ಉತ್ತರವಾಗಿತ್ತು. 2003ರ ಜನವರಿಯಲ್ಲಿ ಥೇಮ್ಸ್ ನದಿ ಉಕ್ಕಿ ಆಕ್ಸ್‌ಫರ್ಡಿನ ಭೌತವಿಜ್ಞಾನಿ ಮೈಲ್ಸ್ ಅಲೆನ್ ಅವರ ಮನೆಯ ಹತ್ತಿರಕ್ಕೆ ಬಂತು. ಇಂಥ ನಷ್ಟದ ಹೊಣೆಯನ್ನು ಎಂದಾದರೂ ಲೆಕ್ಕ ಹಾಕಲು ಸಾಧ್ಯವೇ ಎಂದು ಅವರು 'ನೇಚರ್' ಪತ್ರಿಕೆಯಲ್ಲಿ ಬರೆದರು. ಅದೇ ವರ್ಷದ ಬೇಸಿಗೆಯಲ್ಲಿ ಯುರೋಪು ಬೆಂದುಹೋಯಿತು. ಸತ್ತವರು ಸುಮಾರು 70,000 ಮಂದಿ ಎಂದು ಆಮೇಲೆ ಅಂದಾಜಾಯಿತು. ಫ್ರಾನ್ಸಿನಲ್ಲಿ ಸತ್ತವರಲ್ಲಿ ಒಂಟಿಯಾಗಿದ್ದ ವೃದ್ಧರು ಬಹಳ. 2004ರಲ್ಲಿ ಪೀಟರ್ ಸ್ಟಾಟ್, ಡೈತಿ ಸ್ಟೋನ್ ಮತ್ತು ಅಲೆನ್ ಪ್ರಕಟಿಸಿದ ಅಧ್ಯಯನವು, ಅಂಥ ಬೇಸಿಗೆ ಬರುವ ಸಂಭವವನ್ನು ಮಾನವ ಪ್ರಭಾವ ಕಡೇಪಕ್ಷ ಇಮ್ಮಡಿಗೊಳಿಸಿರುವುದು ಬಹುಮಟ್ಟಿಗೆ ಖಚಿತ ಎಂದಿತು. ಈ ವಿಜ್ಞಾನ ನಿಜವಾಗಿ ಆರಂಭವಾದದ್ದು ಇಲ್ಲಿಂದ.

ಆ ಅಧ್ಯಯನದ ಬಲವಿದ್ದದ್ದು ಪ್ರಶ್ನೆಯನ್ನು ಬದಲಿಸಿದ್ದರಲ್ಲಿ. ಭೂತಾಪ ಈ ಘಟನೆಯನ್ನು ಉಂಟುಮಾಡಿತೇ ಎಂಬುದರ ಬದಲು, ಇದು ಘಟಿಸುವ ಸಂಭವವನ್ನು ಎಷ್ಟು ಪಟ್ಟು ಹೆಚ್ಚಿಸಿತು ಎಂದು ಕೇಳಲಾಯಿತು. ಕಂಪ್ಯೂಟರಿನಲ್ಲಿ ಎರಡು ಭೂಮಿಗಳನ್ನು ಕಟ್ಟಲಾಗುತ್ತದೆ: ಒಂದು ಈಗಿನದು, ಇನ್ನೊಂದು ಕಲ್ಲಿದ್ದಲು, ತೈಲಗಳ ಹೊಗೆಯನ್ನೇ ಕಾಣದ್ದು. ಎರಡರಲ್ಲೂ ಹವಾಮಾನವನ್ನು ಮತ್ತೆ ಮತ್ತೆ ಓಡಿಸಿ, ಆ ಮಟ್ಟದ ಬಿಸಿಲು ಎಷ್ಟು ಸಲ ಬಂತೆಂದು ಹೋಲಿಸಿ, ಹಳೆಯ ದಾಖಲೆಗಳೊಂದಿಗೆ ತಾಳೆ ನೋಡುತ್ತಾರೆ. ಸರಾಸರಿ ಉಷ್ಣತೆ ಒಂದೇ ಡಿಗ್ರಿ ಏರಿದರೂ ಅಪರೂಪದ ಬಿಸಿ ಹಲವು ಪಟ್ಟು ಹೆಚ್ಚುತ್ತದೆ. ಹೀಗಾಗಿ ಬಿಸಿಗಾಳಿಯ ವಿಷಯದಲ್ಲಿ ತೀರ್ಪು ಗಟ್ಟಿಯಾಗಿರುತ್ತದೆ. ಒಂದು ಡಿಗ್ರಿ ಹೆಚ್ಚು ಬಿಸಿಯಾದ ಗಾಳಿ ಸುಮಾರು ಶೇ. 7ರಷ್ಟು ಹೆಚ್ಚು ತೇವಾಂಶ ಹಿಡಿದಿಟ್ಟುಕೊಳ್ಳಬಲ್ಲದಾದ್ದರಿಂದ ಭಾರಿ ಮಳೆಯ ವಿಷಯದಲ್ಲೂ ತಕ್ಕಮಟ್ಟಿನ ಭರವಸೆಯಿದೆ. ಬರ, ಚಂಡಮಾರುತಗಳ ಲೆಕ್ಕ ಇನ್ನೂ ಜಟಿಲ.

2010ರ ರಷ್ಯಾದ ಬಿಸಿಗಾಳಿ ಈ ಕ್ಷೇತ್ರದಲ್ಲಿ ದೊಡ್ಡ ವಿವಾದ ಎಬ್ಬಿಸಿತು. ಒಂದು ತಂಡ ಅದು ಮುಖ್ಯವಾಗಿ ನೈಸರ್ಗಿಕ ಎಂದಿತು. ಇನ್ನೊಂದು ಭೂತಾಪದತ್ತ ಬೆರಳು ತೋರಿತು. ಎರಡೂ ಸರಿಯೇ ಎಂದು 2012ರಲ್ಲಿ ಹವಾಮಾನ ವಿಜ್ಞಾನಿ ಫ್ರೀಡರಿಕ ಓಟೊ ಮತ್ತು ಸಂಗಡಿಗರು ತೋರಿಸಿದರು: ಬಿಸಿಯ ತೀವ್ರತೆಯ ಬಹುಪಾಲು ಸಹಜವಾದದ್ದು, ಆದರೆ ಅದು ಸಂಭವಿಸುವ ಸಾಧ್ಯತೆಯನ್ನು ಹಲವು ಪಟ್ಟು ಹೆಚ್ಚಿಸಿದ್ದು ಭೂತಾಪ. ಡಚ್ ವಿಜ್ಞಾನಿ ಖೀರ್ಟ್ ಯಾನ್ ಫಾನ್ ಓಲ್ಡನ್‌ಬೋರ್ಖ್ ಅವರೊಡನೆ ಓಟೊ ಕಟ್ಟಿದ 'ವರ್ಲ್ಡ್ ವೆದರ್ ಆಟ್ರಿಬ್ಯೂಷನ್' ತಂಡ, ವರ್ಷಗಟ್ಟಲೆ ಹಿಡಿಯುತ್ತಿದ್ದ ಕೆಲಸವನ್ನು ವಾರಗಳಿಗೆ ಇಳಿಸಿತು. 2021ರ ಜೂನ್ 29ರಂದು ಕೆನಡಾದ ಲಿಟ್ಟನ್‌ನಲ್ಲಿ 49.6 ಡಿಗ್ರಿ ಸೆಲ್ಸಿಯಸ್ ದಾಖಲಾಗಿ, ಮರುದಿನ ಊರಿನ ಬಹುಭಾಗ ಕಾಳ್ಗಿಚ್ಚಿಗೆ ಆಹುತಿಯಾಯಿತು. ಭೂತಾಪವಿಲ್ಲದೆ ಅಂಥ ಬಿಸಿ ಹೆಚ್ಚುಕಡಿಮೆ ಅಸಾಧ್ಯ ಎಂಬ ತೀರ್ಮಾನ, ಜನರ ನೆನಪು ಹಸಿಯಾಗಿರುವಾಗಲೇ ಹೊರಬಂತು. ಹಿಂದೆ 50 ವರ್ಷಕ್ಕೊಮ್ಮೆ ಬರುತ್ತಿದ್ದ ತೀವ್ರ ಬಿಸಿ ಈಗ ಸುಮಾರು 4.8 ಪಟ್ಟು ಹೆಚ್ಚಾಗಿ ಬರುತ್ತಿದೆ ಎಂದು ಅಂತರಸರ್ಕಾರಿ ಹವಾಮಾನ ಬದಲಾವಣೆ ಸಮಿತಿ ಅದೇ ವರ್ಷ ವರದಿ ಮಾಡಿತು.

ಭಾರತದ ಚಿತ್ರ ಇಷ್ಟು ಸರಳವಲ್ಲ, ಅದಕ್ಕಾಗಿಯೇ ಹೆಚ್ಚು ಗಮನಾರ್ಹ. 2016ರ ಮೇ 19ರಂದು ರಾಜಸ್ಥಾನದ ಫಲೋದಿಯಲ್ಲಿ 51 ಡಿಗ್ರಿ ದಾಖಲಾಯಿತು. ದೆಹಲಿ ಐಐಟಿಯ ಕೃಷ್ಣ ಅಚ್ಯುತರಾವ್ ಅವರೂ ಭಾಗಿಯಾದ ಅಧ್ಯಯನಕ್ಕೆ ಅದರಲ್ಲಿ ಭೂತಾಪದ ಸ್ಪಷ್ಟ ಗುರುತು ಸಿಗಲಿಲ್ಲ. ಉತ್ತರದ ಬಯಲಿನ ಹೊಗೆ ಮತ್ತು ದೂಳು ಸೂರ್ಯನ ಬಿಸಿಲನ್ನು ತಡೆಯುತ್ತವೆ, ನೀರಾವರಿಯ ತೇವ ನೆಲವನ್ನು ತಂಪಾಗಿಡುತ್ತದೆ; ಇವೆರಡೂ ಭೂತಾಪವನ್ನು ಮರೆಮಾಡಿರಬಹುದು ಎಂಬುದು ವಿವರಣೆ. ಈ ಮರೆಯನ್ನು ರಕ್ಷಣೆಯೆಂದು ಭಾವಿಸುವುದು ಅಪಾಯಕಾರಿ: ಅದೇ ಹೊಗೆ ಶ್ವಾಸಕೋಶವನ್ನು ಕೆಡಿಸುತ್ತದೆ, ಅದೇ ತೇವ ಬೆವರು ಆರದಂತೆ ಮಾಡುತ್ತದೆ. ಫಲೋದಿಯ ಬಿಸಿಯಂತೆಯೇ 2015ರ ಚೆನ್ನೈ ನೆರೆಯಲ್ಲೂ ಮಾನವ ಪ್ರಭಾವ ಪತ್ತೆಯಾಗಲಿಲ್ಲ.

2022ರಲ್ಲಿ ಹೊಗೆ, ತೇವಗಳ ಆ ಮರೆ ಸಾಲದೆ ಹೋಯಿತು. ಭಾರತೀಯ ಹವಾಮಾನ ಇಲಾಖೆಯ 122 ವರ್ಷಗಳ ದಾಖಲೆಯಲ್ಲೇ ಅತಿ ಬಿಸಿಯ ಮಾರ್ಚ್ ಆ ವರ್ಷದ್ದು. ಕಾಳು ಕಟ್ಟುವ ಹೊತ್ತಿಗೆ ಗೋಧಿ ಒಣಗಿತು. ಮೇ 13ರಂದು ಭಾರತ ಗೋಧಿ ರಫ್ತನ್ನು ನಿಷೇಧಿಸಿತು. ಭಾರತ–ಪಾಕಿಸ್ತಾನಗಳ ಆ ದೀರ್ಘ ಬಿಸಿಯ ಸಂಭವವನ್ನು ಭೂತಾಪ ಸುಮಾರು 30 ಪಟ್ಟು ಹೆಚ್ಚಿಸಿತ್ತು ಎಂದು ಓಟೊ ಅವರ ತಂಡ ಅಂದಾಜಿಸಿತು. 2024ರ ಜುಲೈ 30ರಂದು ವಯನಾಡಿನ ಗುಡ್ಡಗಳನ್ನು ಕುಸಿಸಿದ ಮಳೆಯನ್ನು ಭೂತಾಪ ಸುಮಾರು ಶೇ. 10ರಷ್ಟು ತೀವ್ರಗೊಳಿಸಿತ್ತು ಎಂಬುದೂ ಅದೇ ತಂಡದ ಲೆಕ್ಕ.

ಈ ವಿಜ್ಞಾನದ ಅತಿ ದೊಡ್ಡ ಕೊರತೆ ದಾಖಲೆಗಳದ್ದು. ಹಳೆಯ ಉಷ್ಣಮಾಪಕ ಕೇಂದ್ರಗಳು ದಟ್ಟವಾಗಿರುವುದು ಶ್ರೀಮಂತ ದೇಶಗಳಲ್ಲಿ. ಬಿಸಿಲಿನಲ್ಲಿ ದುಡಿಯುವವರು ಹೆಚ್ಚಿರುವುದು ಬಡ ದೇಶಗಳಲ್ಲಿ. ಬಿಸಿಲಿಗೆ ಸತ್ತ ಕೂಲಿಯ ಸಾವು ಹೃದಯಾಘಾತವೆಂದೋ ಮೂತ್ರಪಿಂಡದ ವೈಫಲ್ಯವೆಂದೋ ಬರೆಯಲ್ಪಟ್ಟರೆ ಅದು ಯಾವ ಲೆಕ್ಕಕ್ಕೂ ಸೇರುವುದಿಲ್ಲ. 43 ದೇಶಗಳಲ್ಲಿ 1991ರಿಂದ 2018ರವರೆಗೆ ಬಿಸಿಯಿಂದಾದ ಸಾವುಗಳಲ್ಲಿ ಶೇ. 37ರಷ್ಟಕ್ಕೆ ಭೂತಾಪ ಹೊಣೆ ಎಂದು 2021ರ ಅಧ್ಯಯನವೊಂದು ತೋರಿಸಿತು. ಆ 43 ದೇಶಗಳ ಪಟ್ಟಿಯಲ್ಲಿ ಭಾರತ ಇರಲಿಲ್ಲ.