ದಂಗ್‌ದುತ್

ಇಂಡೊನೇಷ್ಯದ ಜನಪ್ರಿಯ ಹಾಡು-ಕುಣಿತದ ಪ್ರಕಾರ. ಹೆಸರು ಬಂದಿರುವುದು ಗೆಂದಾಂಗ್ ಎಂಬ ಜೋಡಿ ಚರ್ಮವಾದ್ಯದ ನಾದದಿಂದ. ತಬಲಾದ ಹಾಗೆ ಒಂದು ಚಿಕ್ಕದು, ಒಂದು ದೊಡ್ಡದು. ಮೊದಲ ಪೆಟ್ಟು 'ದಂಗ್'. ದೊಡ್ಡದರ ಮೇಲೆ ಅಂಗೈ ಬುಡ ಒತ್ತಿ ಜಾರಿಸಿದರೆ 'ದುತ್'. ನಗರದ ಸುಶಿಕ್ಷಿತರು ಮೂಗು ಮುರಿದು ಇಟ್ಟ ಈ ಅಡ್ಡಹೆಸರನ್ನು ಹಾಡುಗಾರರು ಬಿರುದಿನಂತೆ ಧರಿಸಿದರು.

ಮಲಯ ವಾದ್ಯಮೇಳಗಳು ಇದರ ತವರು. 1950ರ ದಶಕದಲ್ಲಿ ಹಿಂದಿ ಚಿತ್ರಗಳು ಇಂಡೊನೇಷ್ಯದಲ್ಲಿ ಜನಪ್ರಿಯವಾದಾಗ ಈ ಮೇಳಗಳು ಅವುಗಳ ಮಟ್ಟುಗಳನ್ನು ಎತ್ತಿಕೊಂಡವು. ಎಲ್ಯಾ ಖದಾಮ್ ಹಾಡಿದ ಹೆಸರಾಂತ ಗೀತೆಯೊಂದರ ಶೀರ್ಷಿಕೆಯೇ 'ಬೊನೆಕಾ ದಾರಿ ಇಂಡಿಯಾ', ಎಂದರೆ ಭಾರತದ ಬೊಂಬೆ. 1970ರ ದಶಕದಲ್ಲಿ ರೋಮಾ ಇರಾಮಾ ತಮ್ಮ 'ಸೊನೆತಾ' ತಂಡದಲ್ಲಿ ಕೊಳಲು, ಗೆಂದಾಂಗ್‌ಗಳ ಪಕ್ಕಕ್ಕೆ ಎಲೆಕ್ಟ್ರಿಕ್ ಗಿಟಾರ್ ತಂದರು, ಸಾಹಿತ್ಯಕ್ಕೆ ಇಸ್ಲಾಮಿನ ನೀತಿಬೋಧೆ ಬೆರೆಸಿದರು. 1977ರ ಚುನಾವಣೆಯಲ್ಲಿ ಅವರು ಮುಸ್ಲಿಂ ಪಕ್ಷದ ಪರ ಹಾಡಿದ್ದರಿಂದ, 1962ರಲ್ಲಿ ಶುರುವಾಗಿದ್ದ ಸರ್ಕಾರಿ ಟಿವಿ ಟಿವಿಆರ್‌ಐ ಹತ್ತು ವರ್ಷದಷ್ಟು ಕಾಲ ಅವರಿಗೆ ಬಾಗಿಲು ಮುಚ್ಚಿತು. ಅದರಿಂದ ನಷ್ಟವೇನೂ ಆದಂತಿಲ್ಲ: ಕ್ಯಾಸೆಟ್ಟು ಹಳ್ಳಿ ಹಳ್ಳಿ ಸೇರಿತ್ತು, ಸಿನಿಮಾ ಟೆಂಟುಗಳಲ್ಲಿ ಅವರದೇ ಚಿತ್ರಗಳು ಓಡುತ್ತಿದ್ದವು.

ಆಮೇಲಿನ ಕಥೆಯೂ ಹೀಗೆಯೇ, ಹಿತ್ತಿಲ ಬಾಗಿಲಿನದು. ಪೂರ್ವ ಜಾವಾದಲ್ಲಿ ಮದುವೆ, ಮುಂಜಿಗೆ ಹಾಕಿದ ಚಪ್ಪರದ ಕೆಳಗಿನ ಹಾಡು-ಕುಣಿತವನ್ನು ಯಾರೋ ಚಿತ್ರೀಕರಿಸುತ್ತಿದ್ದರು. ಅದು ಅಗ್ಗದ ವಿಸಿಡಿಯಾಗಿ ಸಂತೆಯಲ್ಲಿ ಮಾರಾಟವಾಗುತ್ತಿತ್ತು. ಪಾಸುರುವಾನ್ ಕಡೆಯ ಇನುಲ್ ದಾರಾತಿಸ್ತಾ ಅವರ, ಬೈರಿಗೆ ಕೊರೆದಂತೆ ಸೊಂಟ ತಿರುಗಿಸುವ ಕುಣಿತ ದೇಶಕ್ಕೆ ಗೊತ್ತಾದದ್ದು ಇಂಥ ನಕಲಿ ವಿಸಿಡಿಗಳಿಂದ. ಟಿವಿ ಆಮೇಲೆ ಬಂತು. 2003ರಲ್ಲಿ ಆ ಕುಣಿತ ಅಶ್ಲೀಲವೆಂದು ಮುಂದೆ ನಿಂತು ಖಂಡಿಸಿದವರು ರೋಮಾ ಇರಾಮಾ. ಒಮ್ಮೆ ತಾವೇ ಪರದೆಯಿಂದ ಹೊರಗಿದ್ದವರು!

ವಿಸಿಡಿಯ ಜಾಗಕ್ಕೆ ಯೂಟ್ಯೂಬ್ ಬಂತು. 2010ರಲ್ಲಿ ಬಾಂದುಂಗ್‌ನ ಇಬ್ಬರು ಯುವತಿಯರು 'ಕೆಯೊಂಗ್ ರಾಚುನ್' ಎಂಬ ದಂಗ್‌ದುತ್ ಹಾಡಿಗೆ ಕ್ಯಾಮೆರಾ ಮುಂದೆ ತುಟಿ ಕುಣಿಸಿ ರಾತ್ರೋರಾತ್ರಿ ಹೆಸರಾದರು. ಮರುವರ್ಷ ಗೊರೊಂತಾಲೊದ ಪೊಲೀಸನೊಬ್ಬ ಸಮವಸ್ತ್ರದಲ್ಲೇ ಕೂತು ಹಿಂದಿಯ 'ಛೈಯ್ಯಾ ಛೈಯ್ಯಾ'ಗೆ ಹಾಗೆಯೇ ಮಾಡಿದ. ಜಾವಾನೀಸ್ ಭಾಷೆಯ ವಿರಹಗೀತೆಗಳ ದಿದಿ ಕೆಂಪೊತ್ ಮುಪ್ಪಿನ ಹೊಸ್ತಿಲಲ್ಲಿ, 2019ರಲ್ಲಿ, ಮೊಬೈಲ್ ಪೀಳಿಗೆಯ ಆರಾಧ್ಯರಾದರು, ಮರುವರ್ಷ ತೀರಿಕೊಂಡರು.

2022ರ ಆಗಸ್ಟ್ 17ರಂದು, ಸ್ವಾತಂತ್ರ್ಯೋತ್ಸವದ ದಿನ, ಬಾನ್ಯುವಾಂಗಿಯ 12 ವರ್ಷದ ಹುಡುಗನೊಬ್ಬ ಜಕಾರ್ತದ ಮರ್ದೇಕಾ ಅರಮನೆಯಲ್ಲಿ ಯೂಟ್ಯೂಬ್‌ನಿಂದ ಹೆಸರಾದ 'ಓಜೊ ದಿಬಂದಿಂಗ್ಕೆ' ಹಾಡಿದ. ಅಧ್ಯಕ್ಷರ ಎದುರಿಗೇ ಮಂತ್ರಿಗಳು ಎದ್ದು ಕುಣಿದರು.