ಟಾರ್ಜನ್ನನ ಸೃಷ್ಟಿಕರ್ತ

ಟಾರ್ಜನ್ನನ ಹೆಸರನ್ನು ಕೇಳದವರು ನಮ್ಮಲ್ಲಿ ವಿರಳ. ಅವನ ಕಥೆಯನ್ನು ಬರೆದ ಎಡ್ಗರ್ ರೈಸ್ ಬರೋಸನನ್ನು ಬಲ್ಲವರು ಅದಕ್ಕಿಂತಲೂ ವಿರಳ. ಈ ಅಮೆರಿಕದ ಕಥೆಗಾರನ ವೃತ್ತಿಜೀವನವನ್ನು ಇಂದು ನಾವು ತುಸು ಪರಿಶೀಲಿಸೋಣ.

1875ರಲ್ಲಿ ಷಿಕಾಗೋ ನಗರದಲ್ಲಿ ಹುಟ್ಟಿದ ಬರೋಸನು ಅಶ್ವದಳದ ಸಿಪಾಯಿಯಾದನು, ದನ ಕಾಯ್ದನು, ಚಿನ್ನ ತೆಗೆಯಹೋದನು, ರೈಲ್ವೆ ಪೋಲೀಸಿನವನಾದನು, ಯಾವುದೂ ಕೈಹತ್ತಲಿಲ್ಲ. 1911ರಲ್ಲಿ ಪೆನ್ಸಿಲು ಹೆರೆಯುವ ಯಂತ್ರಗಳ ಮಾರಾಟದಲ್ಲಿ ತೊಡಗಿದ್ದಾಗ ಮನೆಯಲ್ಲಿ ಹೆಂಡತಿ, ಇಬ್ಬರು ಮಕ್ಕಳು. ಒಡವೆಗಳು ಗಿರವಿಯ ಅಂಗಡಿಯನ್ನು ಸೇರಿದ್ದವು. ಮರದ ತಿರುಳಿನ ಒರಟು ಕಾಗದದ ಮೇಲೆ ಅಚ್ಚಾಗುತ್ತಿದ್ದ ಅಗ್ಗದ ಕಥಾಪತ್ರಿಕೆಗಳು ಆಗ ಅಮೆರಿಕದಲ್ಲಿ ಹೇರಳವಾಗಿದ್ದವು. ಅವನ್ನು ಓದಿದ ಬರೋಸನು, ಇಂಥ ಬರಹಕ್ಕೂ ಹಣ ಕೊಡುವುದಾದರೆ ತಾನೂ ಬರೆಯಬಲ್ಲೆನೆಂದು ಲೇಖನಿ ಹಿಡಿದನು. ಮಂಗಳಗ್ರಹದ ಸಾಹಸಗಳನ್ನು ಬಣ್ಣಿಸುವ ಅವನ ಕಥೆಯನ್ನು ‘ಆಲ್-ಸ್ಟೋರಿ’ ಪತ್ರಿಕೆಯು 400 ಡಾಲರಿಗೆ ಕೊಂಡು 1912ರಲ್ಲಿ ಧಾರಾವಾಹಿಯಾಗಿ ಪ್ರಕಟಿಸಿತು. ಓದಿದವರು ತನಗೆ ಬುದ್ಧಿಭ್ರಮಣೆಯೆಂದಾರೆಂಬ ಅಂಜಿಕೆಯಿಂದ, ತಲೆ ನೆಟ್ಟಗಿರುವವನೆಂಬ ಅರ್ಥದ ‘ನಾರ್ಮಲ್ ಬೀನ್’ ಎಂಬ ಹೆಸರನ್ನಿಟ್ಟುಕೊಂಡಿದ್ದನು. ಪತ್ರಿಕೆಯಲ್ಲಿ ಅದು ‘ನಾರ್ಮನ್’ ಎಂದು ಅಚ್ಚಾಗಿ ವಿನೋದವೆಲ್ಲ ಮಣ್ಣುಪಾಲಾಯಿತು.

ಅದೇ ವರ್ಷದ ಅಕ್ಟೋಬರಿನ ಸಂಚಿಕೆಯಲ್ಲಿ ಟಾರ್ಜನ್ನನು ಬಂದನು. ಸಂಭಾವನೆ 700 ಡಾಲರು. ಬರೋಸನು ಆಫ್ರಿಕವನ್ನು ಕಂಡವನೇ ಅಲ್ಲ. ಪತ್ರಿಕೆಯಲ್ಲಿ ಅಚ್ಚಾದ ಕಥೆಯಲ್ಲಿ ಆಫ್ರಿಕದ ಕಾಡಿನೊಳಗೆ ಹುಲಿಯೊಂದು ಸುಳಿದಾಡುತ್ತದೆ! ನಮ್ಮ ಕಾಕನಕೋಟೆಯ ಪ್ರಾಣಿಗೆ ಅಲ್ಲೇನು ಕೆಲಸ? ಓದುಗರು ಆಕ್ಷೇಪಿಸಲು, ಪುಸ್ತಕದಲ್ಲಿ ಅದು ಹೆಣ್ಣುಸಿಂಹವಾಯಿತು. ಹುಲಿಯನ್ನು ತಿದ್ದುವುದು ಸುಲಭವಾಯಿತು. ಆಫ್ರಿಕದ ಜನರನ್ನು ಕ್ರೂರರೂ ಮೂಢರೂ ಎಂದು ಚಿತ್ರಿಸಿದ ದೋಷವು ಹಾಗೆಯೇ ಉಳಿಯಿತು. ಇದನ್ನು ನಾವು ಸಣ್ಣ ಕಳಂಕವೆಂದು ಎಣಿಸಲಾರೆವು.

ವ್ಯವಹಾರದಲ್ಲಿ ಮಾತ್ರ ಅವನು ತನ್ನ ಜೊತೆಯವರಿಗಿಂತ ಬಹಳ ಜಾಣ. ಆ ಪತ್ರಿಕೆಗಳ ಲೇಖಕರಲ್ಲಿ ಬಹುಮಂದಿ ಪದಕ್ಕಿಷ್ಟೆಂದು ಕೂಲಿ ಪಡೆದು, ಕೃತಿಯ ಹಕ್ಕನ್ನೂ ಅದರೊಡನೆ ಕಳೆದುಕೊಂಡು ಮರೆಯಾದರು. ಬರೋಸನಾದರೋ ಪತ್ರಿಕೆಗೆ ಪತ್ರಿಕೆಯ ಹಕ್ಕನ್ನು ಮಾತ್ರ ಮಾರಿ, ಪುಸ್ತಕ, ಚಲನಚಿತ್ರಗಳ ಹಕ್ಕನ್ನು ಬೇರೆ ಬೇರೆಯಾಗಿ ಬೆಲೆಕಟ್ಟಿ ಕೊಟ್ಟನು. ಟಾರ್ಜನ್ನನು 1914ರಲ್ಲಿ ಪುಸ್ತಕವಾದನು, 1918ರಲ್ಲಿ ತೆರೆಯ ಮೇಲೆ ಬಂದನು. 1919ರಲ್ಲಿ ಬರೋಸನು ಲಾಸ್ ಏಂಜಲೀಸಿನ ಬಳಿ ದೊಡ್ಡ ಜಮೀನನ್ನು ಕೊಂಡು ಅದಕ್ಕೆ ‘ಟಾರ್ಜಾನ’ವೆಂದು ಹೆಸರಿಟ್ಟನು, 1923ರಲ್ಲಿ ತನ್ನ ಹೆಸರಿನಲ್ಲಿಯೇ ಕಂಪನಿಯನ್ನು ಸ್ಥಾಪಿಸಿ, 1931ರಿಂದ ತನ್ನ ಪುಸ್ತಕಗಳನ್ನು ತಾನೇ ಪ್ರಕಟಿಸತೊಡಗಿದನು.

1941ರಲ್ಲಿ ಪರ್ಲ್ ಹಾರ್ಬರಿನ ಮೇಲೆ ಬಾಂಬು ಬಿದ್ದಾಗ ಹೊನೊಲುಲುವಿನಲ್ಲಿದ್ದ ಈ 66 ವರ್ಷದ ಮುದುಕನು ಯುದ್ಧವರದಿಗಾರನಾಗಿ ಹೊರಟನು. 1950ರಲ್ಲಿ ತೀರಿಕೊಂಡಾಗ ಅವನ ಚಿತಾಭಸ್ಮವನ್ನು ಟಾರ್ಜಾನದಲ್ಲಿ, ಕಂಪನಿಯ ಕಚೇರಿಯ ಮುಂದಣ ಮರವೊಂದರ ಬುಡದಲ್ಲಿ ಹೂಳಿದರು.