ಬೆಂಗಳೂರಿನ ಅಂಚು ಖಾಲಿಯಾಗಿರಲಿಲ್ಲ

ಬೆಂಗಳೂರು ಬಯಲಿನ ಮೇಲೆ ಬೆಳೆಯಿತು ಎಂಬ ಮಾತನ್ನು ಒಪ್ಪಲಾಗದು. ಪೇಟೆಯ ಸುತ್ತಲಿನ ಧರ್ಮಾಂಬುಧಿ, ಸಂಪಂಗಿ ಮುಂತಾದ ಕೆರೆಗಳ ಆಸುಪಾಸಿನಲ್ಲಿ ದುಡಿಮೆಯ ಲೋಕವೇ ಇತ್ತು. ನೀರಗಂಟಿ ತೂಬೆತ್ತಿ ಸರದಿಯಂತೆ ನೀರು ಬಿಡುತ್ತಿದ್ದ. ತೋಟಗಾರಿಕೆಯ ಸಮುದಾಯವಾದ ತಿಗಳರು ಸೊಪ್ಪು, ತರಕಾರಿ, ಹೂವು ಬೆಳೆಯುತ್ತಿದ್ದರು. ಬೇಸಿಗೆಯಲ್ಲಿ ಕೆರೆ ಬತ್ತಿದರೆ ಹೂಳು ಹೊಲಕ್ಕೆ ಗೊಬ್ಬರವಾಗುತ್ತಿತ್ತು, ಜೇಡಿಮಣ್ಣು ಕುಂಬಾರರಿಗೆ, ಅಂಗಳದ ಹುಲ್ಲು ದನಗಳಿಗೆ ಒದಗುತ್ತಿತ್ತು. 1809ರಲ್ಲಿ ಬ್ರಿಟಿಷ್ ಸೇನೆಯ ದಂಡು ನೆಲೆಯೂರಿದ ಮೇಲೆ ಪೇಟೆಗೂ ದಂಡಿಗೂ ನಡುವಿದ್ದ ಸಂಪಂಗಿ ಕೆರೆಯ ತೋಟಗಳಿಗೆ ಎರಡು ಕಡೆಯೂ ಗಿರಾಕಿಗಳಾದರು. ಅಂಚಿನವರು ನಗರವನ್ನು ಆಶ್ರಯಿಸಿದಷ್ಟೇ ನಗರವೂ ಅವರನ್ನು ಆಶ್ರಯಿಸಿತ್ತು.

1890ರ ದಶಕದಲ್ಲಿ ಹೆಸರಘಟ್ಟದಿಂದ ಕೊಳಾಯಿ ನೀರು ಬಂತು. 1898ರ ಪ್ಲೇಗಿನ ಬಳಿಕ ಬಸವನಗುಡಿ, ಮಲ್ಲೇಶ್ವರ ಬಡಾವಣೆಗಳು ಬೆಳೆದವು. ಕೆರೆಯ ಕಾಲ ಮುಗಿದಿತ್ತು, ಜನರಿಗೆ ಗಾಳಿ ಬೆಳಕಿನ ಮನೆ ಬೇಕಿತ್ತು ಎಂದು ವಾದಿಸಬಹುದು. ಮನೆ ಬೇಕಿದ್ದುದು ನಿಜ. ಆದರೆ ಕೊಳಾಯಿ ತುಂಬಿದ್ದು ಕುಡಿಯುವ ಕೊಡವನ್ನೇ ಹೊರತು ಸೊಪ್ಪಿನ ಪಾತಿಯನ್ನಲ್ಲ. ಕುಡಿಯಲು ಬೇಡವಾದ ಕೆರೆಯನ್ನು ಯಾರಿಗೂ ಬೇಡವಾದ ನೆಲವೆಂದು ಎಣಿಸಿದ್ದೇ ತಪ್ಪು. ಧರ್ಮಾಂಬುಧಿಯ ಅಂಗಳ ಬಸ್ ನಿಲ್ದಾಣವಾಯಿತು, ಸಂಪಂಗಿಯದು ಕಂಠೀರವ ಕ್ರೀಡಾಂಗಣವಾಯಿತು. ಸಂಪಂಗಿ ಕೆರೆಯಲ್ಲಿ ಉಳಿದ ಪುಟ್ಟ ಕೊಳದ ಬಳಿ ತಿಗಳರು ಇಂದಿಗೂ ತಮ್ಮ ಕರಗ ಹಬ್ಬದ ವಿಧಿ ನಡೆಸುತ್ತಾರೆ. ಹಬ್ಬಕ್ಕೆ ಸಿಕ್ಕ ಗೌರವ ಅವರ ಬೇಸಾಯಕ್ಕೂ ಸಿಗಬೇಕಿತ್ತು. ನಗರ ಇನ್ನಷ್ಟು ಹಬ್ಬುವಾಗ ನಕಾಶೆಗಿಂತ ಮೊದಲು ಅಲ್ಲಿನ ದುಡಿಮೆಯನ್ನು ಲೆಕ್ಕಕ್ಕೆ ಹಿಡಿಯುವುದೇ ನ್ಯಾಯ.